ಪೆಸಿಫಿಕ್ ದ್ವೀಪಗಳನ್ನು ಚುಕ್ಕೆ ಇಟ್ಟು ಮುಗಿಸಬೇಡಿ: ಪಠ್ಯ, ನಕಾಶೆ, ವಿದೇಶ ಪುಟದವರಿಗೊಂದು ಬಹಿರಂಗ ಪತ್ರ

ಕನ್ನಡದಲ್ಲಿ ಭೂಗೋಳದ ಪಠ್ಯ ಬರೆಯುವವರಿಗೆ, ಗೋಡೆ ನಕಾಶೆ ಮತ್ತು ಅಟ್ಲಾಸ್ ಅಚ್ಚು ಹಾಕಿಸುವವರಿಗೆ, ಪತ್ರಿಕೆಗಳ ವಿದೇಶ ಪುಟ ನೋಡಿಕೊಳ್ಳುವ ಸಂಪಾದಕರಿಗೆ,

ಮಾನ್ಯರೇ,

ಪೆಸಿಫಿಕ್ ದ್ವೀಪರಾಷ್ಟ್ರಗಳು ಕನ್ನಡದ ಪುಟಗಳಿಗೆ ಬರುವುದು ವರ್ಷದಲ್ಲಿ ನಾಲ್ಕೈದು ಸಲ. ಡಿಸೆಂಬರ್ 31ರಂದು ಹೊಸ ವರ್ಷ ಮೊದಲು ಎಲ್ಲಿ ಬಂತು ಎಂಬ ಸುದ್ದಿ. ಚಂಡಮಾರುತವೋ ಜ್ವಾಲಾಮುಖಿಯೋ ಬಡಿದಾಗ ಒಂದು ಸುದ್ದಿ. ಹವಾಮಾನ ಸಮ್ಮೇಳನದ ಹೊತ್ತಿಗೆ ‘ಮುಳುಗುತ್ತಿರುವ ದೇಶಗಳು’. ಸ್ಪರ್ಧಾತ್ಮಕ ಪರೀಕ್ಷೆಯ ಪುಟದಲ್ಲಿ ‘ಜಗತ್ತಿನ ಅತಿ ಚಿಕ್ಕ ಗಣರಾಜ್ಯ ಯಾವುದು?’. ಇಷ್ಟರಲ್ಲೇ ಹೆಸರು ತಪ್ಪು, ದಿನಾಂಕ ತಪ್ಪು, ಕಾರಣ ತಪ್ಪು. ಅದೂ ಪ್ರತಿ ವರ್ಷ ಅದೇ ತಪ್ಪುಗಳು. ಬರೆಯುವವರು ಉದಾಸೀನರು ಎಂದು ದೂರುವುದು ನನ್ನ ಉದ್ದೇಶವಲ್ಲ. ಈ ದ್ವೀಪಗಳೆಲ್ಲ ಒಂದೇ ಜಾತಿಯವು, ಖಾಲಿ ಸಮುದ್ರದಲ್ಲಿ ಚೆಲ್ಲಿದ ಚುಕ್ಕೆಗಳು ಎಂಬ ಎಣಿಕೆ ನಮ್ಮ ಪಠ್ಯಗಳಲ್ಲೇ ಕೂತಿದೆ. ಉಳಿದ ತಪ್ಪುಗಳೆಲ್ಲ ಅದರಿಂದ ಹುಟ್ಟಿದವು.

ನಕಾಶೆಯಿಂದಲೇ ಶುರುಮಾಡುತ್ತೇನೆ. ನಮ್ಮ ತರಗತಿಗಳ ಗೋಡೆಯ ಮೇಲಿರುವ ವಿಶ್ವ ನಕಾಶೆಯ ನಡುವೆ ಗ್ರೀನಿಚ್ ರೇಖೆ ಇದೆ. ಆದ್ದರಿಂದ ಕತ್ತರಿ ಬೀಳುವುದು 180 ಡಿಗ್ರಿ ರೇಖಾಂಶದ ಮೇಲೆ, ಅಂದರೆ ಪೆಸಿಫಿಕ್‌ನ ಎದೆಯ ಮೇಲೆ. ಫಿಜಿಯ ಟವೆಯುನಿ ದ್ವೀಪದ ನೆಲದ ಮೇಲೆಯೇ ಈ ರೇಖೆ ಹಾದುಹೋಗುತ್ತದೆ. ಪರಿಣಾಮವಾಗಿ ಫಿಜಿಯ ದೊಡ್ಡ ದ್ವೀಪ ವಿತಿ ಲೆವು ಹಾಳೆಯ ಬಲತುದಿಗೆ, ಅದೇ ದೇಶದ ಲಾವು ದ್ವೀಪಗಳು ಎಡತುದಿಗೆ. ಕಿರಿಬಾಸ್ (ನಮ್ಮಲ್ಲಿ ‘ಕಿರಿಬಾಟಿ’ ಎಂದು ಅಚ್ಚಾಗುವ) ದೇಶದ್ದು ಇನ್ನೂ ಕಷ್ಟ. ಅದರ ರಾಜಧಾನಿ ಇರುವ ತರಾವಾ ಒಂದು ಅಂಚಿನಲ್ಲಿ, ಅತಿ ದೊಡ್ಡ ದ್ವೀಪ ಇನ್ನೊಂದು ಅಂಚಿನಲ್ಲಿ. ಇವೆರಡರ ನಡುವಿನ ದೂರ ಸುಮಾರು 3,300 ಕಿ.ಮೀ.; ಕನ್ಯಾಕುಮಾರಿಯಿಂದ ಕಾಶ್ಮೀರದ ತುದಿಗೆ ಇರುವಷ್ಟು. ಒಂದೇ ದೇಶದ ಎರಡು ಊರುಗಳನ್ನು ಹಾಳೆಯ ಎರಡು ಅಂಚಿಗೆ ಹಂಚಿಬಿಟ್ಟರೆ ಮಗು ಸ್ಕೇಲು ಇಟ್ಟು ಅಳೆಯುವುದಾದರೂ ಎಲ್ಲಿಂದ?

ಪರಿಹಾರಕ್ಕೆ ದೊಡ್ಡ ಖರ್ಚೇನೂ ಇಲ್ಲ. ಅಟ್ಲಾಸಿನಲ್ಲಿ ಒಂದೇ ಒಂದು ಪುಟ, 180 ಡಿಗ್ರಿಯನ್ನು ನಡುವಿಗಿಟ್ಟು ಮುದ್ರಿಸಿ. ಅದರಲ್ಲಿ ಪ್ರತಿ ದೇಶದ ಅನನ್ಯ ಆರ್ಥಿಕ ವಲಯದ, ಅಂದರೆ ಮೀನು ಮುಂತಾದ ಸಂಪತ್ತಿನ ಮೇಲೆ ಆ ದೇಶಕ್ಕಷ್ಟೇ ಹಕ್ಕಿರುವ ಸಮುದ್ರದ, ಗೆರೆ ಎಳೆಯಿರಿ. ಲೆಕ್ಕ ಸರಳ: ಕರಾವಳಿಯಿಂದ 200 ನಾವಿಕ ಮೈಲಿ, ಅಂದರೆ 370 ಕಿ.ಮೀ. ಜನ ಬದುಕಬಲ್ಲ ಒಂಟಿ ದ್ವೀಪವೊಂದರ ಸುತ್ತ ಬೇರೆ ದೇಶ ಅಡ್ಡ ಬಾರದಿದ್ದರೆ ಆ ವೃತ್ತದ ವಿಸ್ತೀರ್ಣ ಸುಮಾರು 4.3 ಲಕ್ಷ ಚದರ ಕಿ.ಮೀ. ಎರಡು ಕರ್ನಾಟಕ ಹಾಕಿದರೂ ಜಾಗ ಮಿಗುತ್ತದೆ. ಕಿರಿಬಾಸ್‌ನ ನೆಲ ಬರೀ 811 ಚದರ ಕಿ.ಮೀ., ಬೆಂಗಳೂರು ನಗರಕ್ಕಿಂತ ತುಸು ಹೆಚ್ಚು. ಅದರ ಸಮುದ್ರ ಸುಮಾರು 34 ಲಕ್ಷ ಚದರ ಕಿ.ಮೀ., ಭಾರತದ ಇಡೀ ನೆಲಕ್ಕಿಂತ ಹೆಚ್ಚು. ‘ಪುಟ್ಟ ದೇಶ’ ಎಂದು ಬರೆಯುವಾಗ ಈ ಎರಡನೆಯ ಅಂಕಿಯೂ ಪಕ್ಕದಲ್ಲಿರಲಿ.

ಇದು ಹೆಮ್ಮೆಗಾಗಿ ಹೇಳುವ ಅಂಕಿಯಲ್ಲ. ಆ ದೇಶಗಳ ಹೊಟ್ಟೆಪಾಡು ಅದರ ಮೇಲೇ ನಿಂತಿದೆ. ಕಿರಿಬಾಸ್ ಸರಕಾರದ ಆದಾಯದಲ್ಲಿ ಅರ್ಧಕ್ಕೂ ಹೆಚ್ಚು ಬರುವುದು ವಿದೇಶಿ ಹಡಗುಗಳಿಗೆ ಕೊಡುವ ಟ್ಯೂನಾ (ನಮ್ಮ ಕರಾವಳಿಯ ಕೇದರ) ಮೀನುಗಾರಿಕೆ ಪರವಾನಗಿಯಿಂದ. 1982ರಲ್ಲಿ ನೌರು ಒಪ್ಪಂದ ಎಂಬ ಹೆಸರಿನಲ್ಲಿ ಒಗ್ಗೂಡಿದ ದ್ವೀಪರಾಷ್ಟ್ರಗಳು ಈಗ ಎಂಟು. 2007ರಿಂದ ಅವು ಮೀನನ್ನು ಟನ್ನಿನ ಲೆಕ್ಕದಲ್ಲಿ ಮಾರುವುದಿಲ್ಲ, ಹಡಗಿನ ದಿನಗಳನ್ನು ಮಾರುತ್ತವೆ. ಒಂದು ದೊಡ್ಡ ಬಲೆ ಹಡಗು ಒಂದು ದಿನ ತಮ್ಮ ನೀರಿನಲ್ಲಿ ಮೀನು ಹಿಡಿಯಲು ಕನಿಷ್ಠ 8,000 ಅಮೆರಿಕನ್ ಡಾಲರ್. ಒಟ್ಟು ದಿನಗಳಿಗೆ ಮೊದಲೇ ಮಿತಿ ಹಾಕಿ ಹಂಚಿಕೊಳ್ಳುವುದರಿಂದ ದೊಡ್ಡ ದೇಶಗಳು ಒಬ್ಬರ ಮೇಲೊಬ್ಬರನ್ನು ಎತ್ತಿಕಟ್ಟಿ ದರ ಇಳಿಸಲು ಆಗುವುದಿಲ್ಲ. ಎಲ್ ನಿನ್ಯೊ ವರ್ಷದಲ್ಲಿ, ಅಂದರೆ ನಡು ಪೆಸಿಫಿಕ್‌ನ ನೀರು ವಾಡಿಕೆಗಿಂತ ಬಿಸಿಯಾದಾಗ, ಬೆಚ್ಚನೆಯ ನೀರಿನ ಜೊತೆ ಟ್ಯೂನಾ ಪೂರ್ವಕ್ಕೆ ಸರಿಯುತ್ತದೆ. ಆಗ ಕಿರಿಬಾಸ್‌ಗೆ ಕೈತುಂಬ ಆದಾಯ, ಪಶ್ಚಿಮದ ಪಪುವಾ ನ್ಯೂ ಗಿನಿಗೆ ಕಡಿಮೆ. ‘ಎಲ್ ನಿನ್ಯೊ ಎಂದರೆ ಬರ’ ಎಂದು ನಮ್ಮ ಮುಂಗಾರಿನ ಅಳತೆಗೋಲಿನಲ್ಲಿ ಬರೆದ ಸಾಲನ್ನು ಅಲ್ಲಿಗೂ ಒಯ್ಯುವುದು ಕನ್ನಡ ಪುಟಗಳಲ್ಲಿ ಮಾಮೂಲಿ. ತರಾವಾದಲ್ಲಿ ನೆಲ ಒಣಗುವುದು ಅದರ ವಿರುದ್ಧ ಸ್ಥಿತಿಯಾದ ಲಾ ನಿನ್ಯಾ ಬಂದಾಗ. 2011ರಲ್ಲಿ ಟುವಾಲು ನೀರಿಗಾಗಿ ತುರ್ತು ಪರಿಸ್ಥಿತಿ ಘೋಷಿಸಿದ್ದು ಅಂಥದೇ ಲಾ ನಿನ್ಯಾದ ಬೆನ್ನಿಗೆ.

ದಿನರೇಖೆಗೆ ಬರೋಣ. ಪಠ್ಯಗಳು ಅಂತರರಾಷ್ಟ್ರೀಯ ದಿನರೇಖೆಯನ್ನು ಯಾರೋ ಮೇಲಿನವರು ಒಂದೇ ಸಲ ಎಳೆದ ಗೆರೆಯಂತೆ ತೋರಿಸುತ್ತವೆ. ಹಾಗೆ ಎಳೆದ ಅಂತರರಾಷ್ಟ್ರೀಯ ಕಾನೂನೇ ಇಲ್ಲ. ಯಾವ ದಿನ ಪಾಲಿಸಬೇಕೆಂದು ಆಯಾ ದೇಶ ತೀರ್ಮಾನಿಸುತ್ತದೆ, ಗೆರೆ ಅದನ್ನು ಹಿಂಬಾಲಿಸುತ್ತದೆ. ಕಿರಿಬಾಸ್‌ನ ಪೂರ್ವದ ದ್ವೀಪಗಳು ಒಂದು ದಿನ ಹಿಂದಿದ್ದವು. ತರಾವಾದಲ್ಲಿ ಸೋಮವಾರ ಕಚೇರಿ ತೆರೆದಾಗ ಅಲ್ಲಿ ಭಾನುವಾರ. ಅಲ್ಲಿ ಶುಕ್ರವಾರ ಕೆಲಸ ನಡೆಯುವಾಗ ತರಾವಾದಲ್ಲಿ ಶನಿವಾರ. ಎರಡೂ ಕಡೆ ಕಚೇರಿ ತೆರೆದಿರುವ ದಿನಗಳು ವಾರಕ್ಕೆ ನಾಲ್ಕೇ. 1995ರ ಆರಂಭದಲ್ಲಿ ಸರಕಾರ ಇಡೀ ದೇಶವನ್ನು ಒಂದೇ ದಿನಕ್ಕೆ ತಂದಿತು. ನಕಾಶೆಯಲ್ಲಿ ಗೆರೆ ಪೂರ್ವಕ್ಕೆ ಕೊಡಲಿಯಂತೆ ಚಾಚಿಕೊಂಡದ್ದು ಇದರಿಂದ. ಸಮೋವಾ ದೇಶ ಆಸ್ಟ್ರೇಲಿಯಾ, ನ್ಯೂಜಿಲೆಂಡ್ ಜೊತೆಗಿನ ವ್ಯಾಪಾರಕ್ಕಾಗಿ 2011ರ ಡಿಸೆಂಬರ್ 30ನ್ನು ಕ್ಯಾಲೆಂಡರಿನಿಂದಲೇ ಬಿಟ್ಟುಬಿಟ್ಟಿತು. ಗುರುವಾರ ಮಲಗಿದವರು ಶನಿವಾರ ಎದ್ದರು. ನೂರು ಚಿಲ್ಲರೆ ಕಿಲೋಮೀಟರ್ ಆಚೆಯ ಅಮೆರಿಕನ್ ಸಮೋವಾ ಹಳೆಯ ದಿನದಲ್ಲೇ ಉಳಿಯಿತು. ಈಗಲೂ ಕೆಲವು ಪಠ್ಯ, ಪ್ರಶ್ನೆಪತ್ರಿಕೆಗಳಲ್ಲಿ ‘ಸೂರ್ಯ ಕೊನೆಗೆ ಮುಳುಗುವ ದೇಶ ಸಮೋವಾ’ ಎಂಬ ಉತ್ತರ ಸರಿ ಎನಿಸಿಕೊಳ್ಳುತ್ತಿದೆ. 2011ಕ್ಕೇ ಅದು ಸತ್ತ ಉತ್ತರ.

ಸುದ್ದಿಮನೆಯವರಿಗೆ ಒಂದು ಲೆಕ್ಕ. ಬೆಂಗಳೂರಿನಲ್ಲಿ ಮಂಗಳವಾರ ಮಧ್ಯಾಹ್ನ 12 ಗಂಟೆಯಾದಾಗ ಟೊಂಗಾ ಮತ್ತು ಸಮೋವಾದಲ್ಲಿ ಮಂಗಳವಾರ ರಾತ್ರಿ 7.30, ಕಿರಿಬಾಸ್‌ನ ಪೂರ್ವ ತುದಿಯಲ್ಲಿ ಮಂಗಳವಾರ ರಾತ್ರಿ 8.30, ಅಮೆರಿಕನ್ ಸಮೋವಾದಲ್ಲಿ ಸೋಮವಾರ ರಾತ್ರಿ 7.30. ಈ ನಾಲ್ಕು ಸಮಯವನ್ನು ಡೆಸ್ಕಿನ ಗೋಡೆಗೆ ಅಂಟಿಸಿಕೊಂಡರೆ ಸಾಕು. ಇತಿಹಾಸದ ದಿನಾಂಕಗಳಿಗೂ ಇದು ಬೇಕು. ಮಾರ್ಷಲ್ ದ್ವೀಪಗಳ ಬಿಕಿನಿಯಲ್ಲಿ ಅಮೆರಿಕ ಸಿಡಿಸಿದ 15 ಮೆಗಾಟನ್ ಜಲಜನಕ ಬಾಂಬು ಸ್ಥಳೀಯವಾಗಿ 1954ರ ಮಾರ್ಚ್ 1ರ ಬೆಳಗ್ಗಿನದು. ಗ್ರೀನಿಚ್ ಸಮಯದಲ್ಲಿ ಇನ್ನೂ ಫೆಬ್ರವರಿ 28. ಮಾರ್ಷಲ್ ದ್ವೀಪಗಳಲ್ಲಿ ಸ್ಮರಣೆಯ ದಿನ ಮಾರ್ಚ್ 1. ನಾವು ಬರೆಯಬೇಕಾದದ್ದು ಬೂದಿ ಬಿದ್ದವರ ದಿನಾಂಕ.

ಹೆಸರುಗಳ ವಿಷಯದಲ್ಲಿ ಕನ್ನಡಕ್ಕೆ ಇರುವ ಅನುಕೂಲವನ್ನು ನಾವೇ ಕೈಬಿಟ್ಟಿದ್ದೇವೆ. ‘ಕಿರಿಬಾಟಿ’, ‘ಕಿರಿಬಾತಿ’ ಎಂದು ಅಚ್ಚಾಗುವ ಹೆಸರು ‘ಕಿರಿಬಾಸ್’. ಹತ್ತೊಂಬತ್ತನೆಯ ಶತಮಾನದಲ್ಲಿ ಮಿಷನರಿಗಳು ಆ ಭಾಷೆಗೆ ರೋಮನ್ ಲಿಪಿ ಹೊಂದಿಸುವಾಗ ‘ಎಸ್’ ಅಕ್ಷರ ಇಡಲಿಲ್ಲ. ‘ಟಿ’ ಮುಂದೆ ‘ಐ’ ಬಂದರೆ ಸಕಾರ. ‘ಗಿಲ್ಬರ್ಟ್ಸ್’ ಎಂಬ ಇಂಗ್ಲಿಷ್ ಹೆಸರೇ ಅವರ ನಾಲಗೆಯಲ್ಲಿ ಕಿರಿಬಾಸ್ ಆಯಿತು. ಅದೇ ಸೂತ್ರದಿಂದ ‘ಕಿರಿಟಿಮಾಟಿ’ ಎಂದು ನಾವು ಬರೆಯುವ ದ್ವೀಪ ‘ಕಿರಿಸ್ಮಾಸ್’, ಅಂದರೆ ಕ್ರಿಸ್‌ಮಸ್. ನೆಲದ ಲೆಕ್ಕದಲ್ಲಿ ಜಗತ್ತಿನ ಅತಿ ದೊಡ್ಡ ಅಟಾಲ್ (ಬಳೆಯಾಕಾರದ ಹವಳದ್ವೀಪ) ಅದು.

ಫಿಜಿಯ ಲಿಪಿಗೂ ಹೀಗೆಯೇ ಒಂದು ಕೀಲಿ ಇದೆ. ಅಲ್ಲಿ ‘ಡಿ’ ಎಂದರೆ ‘ಂದ’, ‘ಬಿ’ ಎಂದರೆ ‘ಂಬ’, ‘ಜಿ’ ಎಂದರೆ ‘ಙ’, ‘ಸಿ’ ಎಂದರೆ ಇಂಗ್ಲಿಷಿನ ‘ದಿಸ್’ ಪದದ ಮೊದಲ ಸದ್ದು. ಒಂದು ಸದ್ದಿಗೆ ಒಂದೇ ಅಕ್ಷರ ಸಾಕೆಂದು ಮಾಡಿದ ಏರ್ಪಾಡು. ಹಾಗಾಗಿ ವಿಮಾನ ನಿಲ್ದಾಣವಿರುವ ಊರು ನಾಡಿಯೂ ಅಲ್ಲ, ನದಿಯೂ ಅಲ್ಲ, ನಾಂದಿ. ಬನಾಬಾ ದ್ವೀಪದ ಜನರನ್ನು ಒಯ್ದು ಇಳಿಸಿದ ದ್ವೀಪ (ಆ ಕಥೆ ಮುಂದಿದೆ) ‘ರಬಿ’ ಅಲ್ಲ, ರಾಂಬಿ. ಸಮೋವಾದ ಭಾಷೆಯಲ್ಲೂ ‘ಜಿ’ ಎಂದರೆ ‘ಙ’; ಆದ್ದರಿಂದ ಅಮೆರಿಕನ್ ಸಮೋವಾದ ರಾಜಧಾನಿ ‘ಪಾಗೊ ಪಾಗೊ’ ಅಲ್ಲ, ಪಾಙೊ ಪಾಙೊ. ವರ್ಣಮಾಲೆಯಲ್ಲಿ ಕೂತು ಕೆಲಸವಿಲ್ಲದೆ ಬೇಸತ್ತಿರುವ ಙಕಾರಕ್ಕೆ ಪೆಸಿಫಿಕ್‌ನಲ್ಲಾದರೂ ಉದ್ಯೋಗ ಸಿಗಲಿ. ರೋಮನ್ ಲಿಪಿಯಲ್ಲಿ ಓದಿದವರು ಎಡವುವ ಈ ಹೆಸರುಗಳನ್ನು ಸರಿಯಾಗಿ ಬರೆಯಲು ನಮ್ಮ ಲಿಪಿಯಲ್ಲಿ ಎಲ್ಲವೂ ಇದೆ. ನಾವು ಮಾತ್ರ ಸುದ್ದಿಸಂಸ್ಥೆಯ ಇಂಗ್ಲಿಷ್ ಕಾಗುಣಿತಕ್ಕೆ ಜೋತುಬಿದ್ದಿದ್ದೇವೆ.

ಇನ್ನು ಈ ಪತ್ರದ ಮುಖ್ಯ ತಕರಾರು. ‘ಪೆಸಿಫಿಕ್ ದ್ವೀಪ’ ಎಂದು ಬರೆಯುವ ಮುನ್ನ ಅದು ಯಾವ ಜಾತಿಯ ದ್ವೀಪ ಎಂದು ದಯವಿಟ್ಟು ಕೇಳಿಕೊಳ್ಳಿ. ಪಪುವಾ ನ್ಯೂ ಗಿನಿ 4.6 ಲಕ್ಷ ಚದರ ಕಿ.ಮೀ.; ಅದರ ವಿಲ್ಹೆಲ್ಮ್ ಶಿಖರ 4,509 ಮೀಟರ್ ಎತ್ತರ. ಅದರ ನಡುನಾಡಿನ ಕೂಕ್ ಎಂಬ ಜೌಗು ಬಯಲಿನಲ್ಲಿ ಸುಮಾರು ಏಳು ಸಾವಿರ ವರ್ಷಗಳ ಹಿಂದೆಯೇ ಬೇಸಾಯ ಮಾಡಿದ ಗುರುತುಗಳಿವೆ. ವಿತಿ ಲೆವು ಬೆಟ್ಟಗಳ ದ್ವೀಪ: ಗಾಳಿಗೆ ಎದುರಾದ ಆಗ್ನೇಯದ ಸುವಾದಲ್ಲಿ ವರ್ಷಕ್ಕೆ ಸುಮಾರು 3,000 ಮಿ.ಮೀ. ಮಳೆ, ಬೆಟ್ಟದ ಮರೆಯ ನಾಂದಿಯಲ್ಲಿ ಅದಕ್ಕಿಂತ ಬಹಳ ಕಡಿಮೆ. ಕಬ್ಬು ಬೆಳೆಯುವುದು ಮಳೆನೆರಳಿನ ಆ ಬದಿಯಲ್ಲಿ. ಘಟ್ಟದ ಆಚೆ ಈಚೆ ಬಲ್ಲ ನಮ್ಮ ಮಕ್ಕಳಿಗೆ ಇದನ್ನು ಎರಡು ಸಾಲಿನಲ್ಲಿ ತಿಳಿಸಬಹುದು. ಇನ್ನೊಂದು ತುದಿಯಲ್ಲಿ ಅಟಾಲ್: ಮುಳುಗಿದ ಜ್ವಾಲಾಮುಖಿಯ ಸುತ್ತ ಬಳೆಯಂತೆ ಬೆಳೆದ ಹವಳದ ದಿಬ್ಬ, ಅದರ ಮೇಲೆ ಮರಳು ಮತ್ತು ಹವಳದ ಚೂರು, ನಡುವೆ ಲಗೂನ್ ಎಂಬ ಆಳವಿಲ್ಲದ ಉಪ್ಪುನೀರಿನ ಕೊಳ. ಕೆಳಗೆ ಜ್ವಾಲಾಮುಖಿ ಇದೆ ಎಂಬುದು ಡಾರ್ವಿನ್ನನ ಊಹೆಯಾಗಿತ್ತು. 1896ರಿಂದ 1898ರವರೆಗೆ ಟುವಾಲುವಿನ ಫುನಾಫುಟಿಯಲ್ಲಿ 340 ಮೀಟರ್ ಕೊರೆದರೂ ಬರೀ ಹವಳದ ಕಲ್ಲು. 1952ರಲ್ಲಿ ಮಾರ್ಷಲ್ ದ್ವೀಪಗಳ ಎನಿವೆಟಾಕ್‌ನಲ್ಲಿ 1,200 ಮೀಟರಿಗೂ ಆಳ ಕೊರೆದಾಗ ಜ್ವಾಲಾಮುಖಿಯ ಕಪ್ಪುಶಿಲೆ ಸಿಕ್ಕಿತು.

ಅಟಾಲ್ ನಮಗೆ ಅಷ್ಟೊಂದು ಅಪರಿಚಿತವೂ ಅಲ್ಲ. ಲಕ್ಷದ್ವೀಪದ ಅಮಿನಿದಿವಿ ಗುಂಪು 1956ರ ನವೆಂಬರ್ 1ರವರೆಗೆ ದಕ್ಷಿಣ ಕನ್ನಡ ಜಿಲ್ಲೆಗೇ ಸೇರಿತ್ತು, ಆಡಳಿತ ಮಂಗಳೂರಿನಿಂದ. ಅಲ್ಲಿನ ಬಾವಿಯ ನೀರಿನ ಕಥೆಯೇ ತರಾವಾದ ನೀರಿನ ಕಥೆ.

ಅದನ್ನು ಬಿಡಿಸಿ ಹೇಳಬೇಕು, ಏಕೆಂದರೆ ‘ಮುಳುಗುತ್ತಿರುವ ದೇಶ’ ಎಂಬ ತಲೆಬರಹ ಮುಚ್ಚಿಡುವುದು ಇದನ್ನೇ. ಅಟಾಲ್‌ನಲ್ಲಿ ಹೊಳೆಯಿಲ್ಲ, ಹಳ್ಳವಿಲ್ಲ. ಸುರಿದ ಮಳೆ ಮರಳಿನೊಳಗೆ ಇಳಿದು, ಕೆಳಗಿರುವ ಉಪ್ಪುನೀರಿಗಿಂತ ಹಗುರಾದ್ದರಿಂದ ಅದರ ಮೇಲೆ ಮಸೂರದ ಆಕಾರದಲ್ಲಿ ತೇಲುತ್ತದೆ. ಸಾಂದ್ರತೆಯ ವ್ಯತ್ಯಾಸ ನೂರಕ್ಕೆ ಎರಡೂವರೆ ಮಾತ್ರ. ಆದ್ದರಿಂದ ಸಿಹಿನೀರು ಸಮುದ್ರಮಟ್ಟಕ್ಕಿಂತ 1 ಪಾಲು ಮೇಲೆ ನಿಂತರೆ ಕೆಳಗೆ 40 ಪಾಲು ಇರಬೇಕು. ಇದು ಪುಸ್ತಕದ ಲೆಕ್ಕ. ನಿಜದಲ್ಲಿ ಕಡಲಿನ ಉಬ್ಬರವಿಳಿತ ದಿನಕ್ಕೆರಡು ಸಲ ನೀರನ್ನು ಕಲಕುತ್ತದೆ; ಮರಳಿನ ಪದರದ ಕೆಳಗೆ ಹತ್ತಿಪ್ಪತ್ತು ಮೀಟರಿನಲ್ಲಿ ತೂತುಬಿದ್ದ ಹಳೆಯ ಸುಣ್ಣಕಲ್ಲು ಸಿಗುತ್ತದೆ, ಅಲ್ಲಿ ಉಪ್ಪು ಸಲೀಸಾಗಿ ಬೆರೆಯುತ್ತದೆ. ಹಾಗಾಗಿ ಸಿಹಿನೀರಿನ ದಪ್ಪ ಅಲ್ಲಿಗೇ ನಿಲ್ಲುತ್ತದೆ. ದ್ವೀಪ ಅಗಲದಲ್ಲಿ 250-300 ಮೀಟರಿಗಿಂತ ಕಿರಿದಾದರೆ ಮಸೂರ ಕಟ್ಟುವುದೇ ಕಷ್ಟ. ಲಗೂನ್ ಬದಿಯಲ್ಲಿ ಮರಳು ನುಣುಪು, ನೀರು ನಿಲ್ಲುತ್ತದೆ. ಕಡಲಿನ ಬದಿಯಲ್ಲಿ ಚೂರುಕಲ್ಲು, ಸೋರಿಹೋಗುತ್ತದೆ.

ಅಲ್ಲಿ ನಮ್ಮಂತೆ ಬೋರ್‌ವೆಲ್ ಕೊರೆದು ಪಂಪು ಹಾಕಿದರೆ ಏನಾಗುತ್ತದೆ? ಪೈಪಿನ ಬಾಯಿಗೆ ನೇರವಾಗಿ ಕೆಳಗಿನ ಉಪ್ಪುನೀರು ಶಂಕುವಿನಂತೆ ಮೇಲೇಳುತ್ತದೆ; ಒಮ್ಮೆ ಎದ್ದರೆ ಪಂಪು ನಿಲ್ಲಿಸಿದರೂ ಬೇಗ ಇಳಿಯುವುದಿಲ್ಲ. ಅದಕ್ಕೇ ತರಾವಾದ ಬೊನ್ರಿಕಿಯಲ್ಲಿ ನೀರಿನ ಮಟ್ಟದ ಸಮೀಪದಲ್ಲೇ ತೂತುಗಳಿರುವ ಪೈಪುಗಳನ್ನು ಅಡ್ಡಲಾಗಿ ಹೂತು, ಉದ್ದಕ್ಕೂ ಸ್ವಲ್ಪಸ್ವಲ್ಪವೇ ಕೆನೆ ತೆಗೆದಂತೆ ನೀರು ತೆಗೆಯುತ್ತಾರೆ. ದಕ್ಷಿಣ ತರಾವಾದ 60,000ಕ್ಕೂ ಹೆಚ್ಚು ಜನರ ನಲ್ಲಿ ನೀರಿಗೆ ಮುಖ್ಯ ಆಧಾರ ಇದು. ಊರಿನ ಜನ ಇದೇ ನೀರಿನ ಮಟ್ಟದವರೆಗೆ ಗುಂಡಿ ತೋಡಿ ಬಬಾಯ್ ಎಂಬ ದೊಡ್ಡ ಕೆಸುವಿನ ಗಡ್ಡೆ ಬೆಳೆಯುತ್ತಾರೆ. ದೊಡ್ಡ ಅಲೆ ದ್ವೀಪದ ಮೇಲೆ ಹಾದುಹೋದಾಗ ಉಪ್ಪುನೀರು ಮೊದಲು ನುಗ್ಗಿ ನಿಲ್ಲುವುದು ಈ ಗುಂಡಿಗಳಲ್ಲೇ. ಅಲ್ಲಿಂದ ನೇರ ಸಿಹಿನೀರಿಗೆ ಇಳಿಯುತ್ತದೆ. ಮತ್ತೆ ಸಿಹಿಯಾಗಲು ಹಲವು ತಿಂಗಳ ಮಳೆ ಬೇಕು, ಕೆಲವೊಮ್ಮೆ ವರ್ಷಗಳೇ. ಗಡ್ಡೆ ಅಷ್ಟರಲ್ಲಿ ಕೊಳೆತಿರುತ್ತದೆ.

ಆಪತ್ತು ಇರುವುದು ಹೀಗೆ. ಆದರೆ ನಾವು ಅಚ್ಚು ಹಾಕುವುದು ಸೊಂಟದ ಮಟ್ಟದ ನೀರಿನಲ್ಲಿ ನಿಂತವರ ಚಿತ್ರ ಮತ್ತು ‘ಇನ್ನು ಇಷ್ಟು ವರ್ಷಗಳಲ್ಲಿ ಕಣ್ಮರೆ’ ಎಂಬ ಸಾಲು. ಟುವಾಲುವಿನ 101 ದ್ವೀಪಗಳನ್ನು 1971 ಮತ್ತು 2014ರ ಚಿತ್ರಗಳಲ್ಲಿ ಅಳೆದಾಗ ಒಟ್ಟು ನೆಲ ಶೇ. 2.9ರಷ್ಟು ಹೆಚ್ಚಿತ್ತು. ಅಲೆಗಳು ದಿಬ್ಬದ ಮೇಲಿನ ಹವಳದ ಚೂರು, ಮರಳನ್ನು ತಂದು ಒಂದು ಕಡೆ ಒಟ್ಟುತ್ತವೆ, ಇನ್ನೊಂದು ಕಡೆ ಕೊರೆಯುತ್ತವೆ. ದ್ವೀಪ ಜಾಗ ಬದಲಿಸುತ್ತದೆ. ಸೊಲೊಮನ್ ದ್ವೀಪಗಳಲ್ಲಿ ಇದಕ್ಕೆ ವಿರುದ್ಧವಾಗಿ, 1947ರಿಂದ 2014ರೊಳಗೆ ಜನವಸತಿಯಿಲ್ಲದ ಐದು ಪುಟ್ಟ ದಿಬ್ಬದ ದ್ವೀಪಗಳು ಅಳಿದೇಹೋಗಿವೆ. ಶೇ. 2.9 ಎಂಬ ಅಂಕಿಯನ್ನು ಹಿಡಿದು ‘ಹವಾಮಾನ ಬದಲಾವಣೆ ಸುಳ್ಳು’ ಎಂದು ಬರೆದ ಲೇಖನಗಳೂ ಬಂದಿವೆ; ಅವರಿಗೂ ಈ ಪತ್ರ. ನೆಲ ಹೆಚ್ಚಿದರೆ ಬಾವಿ ಸಿಹಿಯಾಗುವುದಿಲ್ಲ. ಪಶ್ಚಿಮ ಪೆಸಿಫಿಕ್‌ನಲ್ಲಿ 1990ರ ದಶಕದಿಂದೀಚೆಗೆ ಸಮುದ್ರಮಟ್ಟ ಜಾಗತಿಕ ಸರಾಸರಿಗಿಂತ ವೇಗವಾಗಿ ಏರಿದೆ; ಎತ್ತರ ಎರಡು-ಮೂರು ಮೀಟರಿರುವ ದ್ವೀಪದ ಮೇಲೆ ಅಲೆ ಹತ್ತುವ ಸರದಿಗಳು ಹೆಚ್ಚುತ್ತವೆ. ನೆಲ ಇದ್ದೂ ವಾಸ ಆಗದಿರುವುದು ಎಂಬ ಸ್ಥಿತಿಗೆ ‘ಮುಳುಗಡೆ’ ಎಂಬ ಪದ ಸಾಲದು. ಟುವಾಲು ಆಸ್ಟ್ರೇಲಿಯಾದ ಜೊತೆ 2023ರಲ್ಲಿ ಸಹಿ ಹಾಕಿ 2024ರಲ್ಲಿ ಜಾರಿಗೆ ಬಂದ ಫಲೆಪಿಲಿ ಒಪ್ಪಂದ ವರ್ಷಕ್ಕೆ 280 ಜನರಿಗೆ ಅಲ್ಲಿ ನೆಲೆಸುವ ವೀಸಾ ಕೊಡುತ್ತದೆ. ಅದೇ ಒಪ್ಪಂದ, ಸಮುದ್ರ ಏರಿದರೂ ಟುವಾಲು ಒಂದು ರಾಷ್ಟ್ರವಾಗಿಯೇ ಉಳಿಯುತ್ತದೆ ಎಂಬುದನ್ನೂ ಒಪ್ಪುತ್ತದೆ. ಮೊದಲನೆಯದನ್ನು ಮಾತ್ರ ನಾವು ಅನುವಾದಿಸಿಕೊಂಡೆವು.

ದಿಬ್ಬದ ಭೂಗೋಳ ತಿಳಿಯದೆ ಹೋದರೆ ಏನಾಗುತ್ತದೆಂದು ಅಮೆರಿಕದ ನೌಕಾಪಡೆ 1943ರ ನವೆಂಬರ್ 20ರಂದು ತರಾವಾದ ಬೇಸೊದಲ್ಲಿ ಕಲಿಯಿತು (ಇದನ್ನೂ ನಾವು ‘ಬೆಟಿಯೊ’ ಎನ್ನುತ್ತೇವೆ). ಅಂದು ಕಡಲಿನ ಉಬ್ಬರ ತೀರಾ ಕಡಿಮೆ ಇದ್ದ ದಿನ. ಸೈನಿಕರನ್ನು ಹೊತ್ತ ದೋಣಿಗಳಿಗೆ ನಾಲ್ಕು ಅಡಿ ನೀರು ಬೇಕಿತ್ತು. ದಿಬ್ಬದ ಮೇಲೆ ಇದ್ದದ್ದು ಸುಮಾರು ಮೂರು ಅಡಿ. ದೋಣಿ ಸಿಕ್ಕಿಕೊಂಡಿತು, ಜನ ಇಳಿದು ನೂರಾರು ಮೀಟರ್ ನೀರಿನಲ್ಲಿ ಜಪಾನಿಯರ ಗುಂಡಿನೆದುರು ನಡೆದರು. ಮೂರು ದಿನಗಳಲ್ಲಿ ಸಾವಿರದಷ್ಟು ಅಮೆರಿಕನ್ನರು ಸತ್ತರು; ಎದುರು ಪಾಳೆಯದಲ್ಲಿ ಜಪಾನಿಯರು ಮತ್ತು ಕೊರಿಯನ್ ಕೂಲಿಗಳು ಸೇರಿ ನಾಲ್ಕೂವರೆ ಸಾವಿರಕ್ಕೂ ಹೆಚ್ಚು ಮಂದಿ.

ಮೂರನೆಯ ಜಾತಿ, ಮೇಲೆದ್ದ ಹವಳದ ದ್ವೀಪ. ನೌರು ಮತ್ತು ಬನಾಬಾ ಅಂಥವು. ನೌರುವಿನ ಬಗ್ಗೆ ಕನ್ನಡದಲ್ಲಿ ಸುತ್ತಾಡುವ ಕಥೆ ಒಂದೇ: ಫಾಸ್ಫೇಟಿನಿಂದ ದಿಢೀರ್ ಶ್ರೀಮಂತರಾದರು, ದುಂದು ಮಾಡಿದರು, ಬೀದಿಗೆ ಬಂದರು. ದುಂದು ನಡೆದದ್ದು ನಿಜ. ಆದರೆ ಕಥೆ 1968ರಿಂದ ಶುರುವಾಗುವುದು ಅನ್ಯಾಯ. ಅಲ್ಲಿ ಗಣಿಗಾರಿಕೆ ಆರಂಭವಾದದ್ದು ಜರ್ಮನರ ಆಳ್ವಿಕೆಯಲ್ಲಿ, 1907ರ ಹೊತ್ತಿಗೆ. ಮೊದಲ ಮಹಾಯುದ್ಧದ ನಂತರ ಬ್ರಿಟನ್, ಆಸ್ಟ್ರೇಲಿಯಾ, ನ್ಯೂಜಿಲೆಂಡ್ ಮೂರೂ ಸೇರಿ ಬ್ರಿಟಿಷ್ ಫಾಸ್ಫೇಟ್ ಕಮಿಷನರ್ಸ್ ಎಂಬ ಮಂಡಳಿ ಮಾಡಿಕೊಂಡು ತಮ್ಮ ಹೊಲ, ಹುಲ್ಲುಗಾವಲುಗಳಿಗೆ ಅಗ್ಗದ ದರದಲ್ಲಿ ಗೊಬ್ಬರ ಸಾಗಿಸಿದವು. 1943ರಲ್ಲಿ ಜಪಾನ್ ಸೇನೆ 1,200 ನೌರು ಜನರನ್ನು ಚೂಕ್ ದ್ವೀಪಗಳಿಗೆ ಕೂಲಿಗಳಾಗಿ ಒಯ್ದಿತು. 1946ರ ಜನವರಿ 31ರಂದು ಮರಳಿದವರು 800ಕ್ಕೂ ಕಡಿಮೆ. ಅದೇ ಜನವರಿ 31ನ್ನು ಅವರು 1968ರಲ್ಲಿ ಸ್ವಾತಂತ್ರ್ಯದ ದಿನವಾಗಿ ಆರಿಸಿಕೊಂಡರು. ಸ್ವಂತ ಗಣಿಯನ್ನೇ ಹಣ ಕೊಟ್ಟು ಕೊಂಡುಕೊಳ್ಳಬೇಕಾಯಿತು. 1989ರಲ್ಲಿ ಆಸ್ಟ್ರೇಲಿಯಾವನ್ನು ಹೇಗ್‌ನ ಅಂತರರಾಷ್ಟ್ರೀಯ ನ್ಯಾಯಾಲಯಕ್ಕೆ ಎಳೆದರು, 1993ರಲ್ಲಿ 10.7 ಕೋಟಿ ಆಸ್ಟ್ರೇಲಿಯನ್ ಡಾಲರಿಗೆ ರಾಜಿಯಾಯಿತು. 21 ಚದರ ಕಿ.ಮೀ. ನೆಲದ ನಾಲ್ಕರಲ್ಲಿ ಮೂರು ಭಾಗಕ್ಕೂ ಹೆಚ್ಚು ಇಂದು ಗೊಬ್ಬರ ಕೆರೆದುಕೊಂಡ ಮೇಲೆ ಉಳಿದ ಸುಣ್ಣಕಲ್ಲಿನ ಕಂಬಗಳು. ಅಲ್ಲಿ ನಡೆಯುವುದೇ ಕಷ್ಟ, ಬೆಳೆಯುವುದಂತೂ ದೂರ. ಜನ ಬದುಕುವುದು ಕರಾವಳಿಯ ಕಿರಿದಾದ ಅಂಚಿನಲ್ಲಿ.

ಬನಾಬಾದ ಕಥೆಯಂತೂ ಕನ್ನಡದಲ್ಲಿ ಬಂದೇ ಇಲ್ಲವೆನ್ನುವಷ್ಟು ಅಪರೂಪ. ಆರು ಚದರ ಕಿ.ಮೀ.ಯ ಆ ದ್ವೀಪದ ಫಾಸ್ಫೇಟನ್ನೆಲ್ಲ 1900ರಲ್ಲಿ ಕಂಪನಿಯೊಂದು ಬರೆಸಿಕೊಂಡದ್ದು ವರ್ಷಕ್ಕೆ 50 ಪೌಂಡ್ ಬಾಡಿಗೆಗೆ, 999 ವರ್ಷಗಳಿಗೆ. ಹೊಳೆಯಿಲ್ಲದ ಆ ದ್ವೀಪದಲ್ಲಿ ಬರಗಾಲದ ನೀರು ನೆಲದಡಿಯ ಗುಹೆಗಳಲ್ಲಿ ಸಿಗುತ್ತಿತ್ತು, ಹೆಂಗಸರು ತೆವಳಿ ಒಳಗೆ ಹೋಗಿ ತೆಂಗಿನ ಕರಟದಲ್ಲಿ ತುಂಬಿ ತರುತ್ತಿದ್ದರು. ಗಣಿ ಆ ವ್ಯವಸ್ಥೆಯನ್ನು ಹಾಳುಗೆಡವಿತು. 1945ರ ಡಿಸೆಂಬರ್ 15ರಂದು ಸುಮಾರು ಸಾವಿರ ಜನರನ್ನು ಎರಡು ಸಾವಿರ ಕಿಲೋಮೀಟರಿಗೂ ಆಚೆ, ಫಿಜಿಯ ರಾಂಬಿಯಲ್ಲಿ, ಚಂಡಮಾರುತದ ಕಾಲದಲ್ಲಿ ಡೇರೆಗಳಲ್ಲಿ ಇಳಿಸಲಾಯಿತು. ರಾಂಬಿಯನ್ನು ಕೊಂಡದ್ದು ಫಾಸ್ಫೇಟಿಗಾಗಿ ಅವರಿಗೆ ಸಲ್ಲಬೇಕಿದ್ದ ರಾಜಧನದ ಹಣದಲ್ಲಿ. ಅವರು ಲಂಡನ್ನಿನಲ್ಲಿ ಹೂಡಿದ ಮೊಕದ್ದಮೆ 1976ರಲ್ಲಿ ಮುಗಿದಾಗ, ಬ್ರಿಟಿಷ್ ಸರಕಾರಕ್ಕೆ ಇದ್ದದ್ದು ಆಡಳಿತದ ಹೊಣೆ, ನ್ಯಾಯಾಲಯ ಜಾರಿ ಮಾಡಬಲ್ಲ ಟ್ರಸ್ಟಿನ ಹೊಣೆಯಲ್ಲ ಎಂದಾಯಿತು. 1979ರಲ್ಲಿ ಗಣಿ ಮುಗಿಯಿತು; ಅದೇ ವರ್ಷ ಜುಲೈ 12ರಂದು ಬನಾಬಾವನ್ನೂ ಒಳಗೊಂಡ ಕಿರಿಬಾಸ್ ಸ್ವತಂತ್ರವಾಯಿತು. ‘ಬ್ರಿಟನ್ ಸ್ವಾತಂತ್ರ್ಯ ನೀಡಿತು’ ಎಂದು ಪಠ್ಯದಲ್ಲಿ ಒಂದೇ ಸಾಲು ಬರೆಯುವಾಗ ಈ ಎರಡು ಘಟನೆಗಳ ವರ್ಷ ಒಂದೇ ಎಂಬುದನ್ನು ಮಕ್ಕಳೂ ನೋಡಲಿ.

ಆಡಳಿತಗಾರರ ಒಂದು ತೀರ್ಮಾನ ಏನು ಮಾಡಬಲ್ಲದು ಎಂಬುದಕ್ಕೆ ಸಮೋವಾಕ್ಕಿಂತ ನಿಚ್ಚಳ ಉದಾಹರಣೆ ಸಿಗುವುದಿಲ್ಲ. 1918ರ ನವೆಂಬರ್ 7ರಂದು ಆಕ್ಲೆಂಡಿನಿಂದ ಟಲುನೆ ಎಂಬ ಹಡಗು ಇನ್‌ಫ್ಲುಯೆಂಜಾ ಜ್ವರದವರನ್ನು ಹೊತ್ತು ಸಮೋವಾದ ರಾಜಧಾನಿ ಅಪಿಯಾಕ್ಕೆ ಬಂತು. ನ್ಯೂಜಿಲೆಂಡಿನ ಸೇನಾಡಳಿತ ಅದನ್ನು ತಡೆಯಲಿಲ್ಲ. ಜನಸಂಖ್ಯೆಯ ಐದನೆಯ ಒಂದು ಭಾಗಕ್ಕೂ ಹೆಚ್ಚು ಮಂದಿ ತೀರಿಕೊಂಡರು. ಪಕ್ಕದ ಅಮೆರಿಕನ್ ಸಮೋವಾ ಹಡಗುಗಳನ್ನು ಹೊರಗೇ ನಿಲ್ಲಿಸಿತು, ಅಲ್ಲಿ ಒಂದು ಸಾವೂ ಇಲ್ಲ. ನ್ಯೂಜಿಲೆಂಡ್ ಕ್ಷಮೆ ಕೇಳಿದ್ದು 2002ರಲ್ಲಿ. ಕೊರೊನಾ ಕಾಲದಲ್ಲಿ ಇನ್‌ಫ್ಲುಯೆಂಜಾದ ಬಗ್ಗೆ ನಾವು ಪುಟಗಟ್ಟಲೆ ಬರೆದೆವು. ಈ ಜೋಡಿ ದ್ವೀಪಗಳ ಹೆಸರು ಎಷ್ಟು ಕಡೆ ಬಂತು?

‘ಗಾಳಿಗೆ ಸಿಕ್ಕಿ ತೇಲಿಬಂದ ಜನ’ ಎಂಬ ಸಾಲನ್ನು ದಯವಿಟ್ಟು ತೆಗೆಯಿರಿ. ಪಪುವಾ ನ್ಯೂ ಗಿನಿಯ ಬಿಸ್ಮಾರ್ಕ್ ದ್ವೀಪಗಳಲ್ಲಿ ಸುಮಾರು 3,300 ವರ್ಷಗಳ ಹಿಂದೆ ಕಾಣಿಸಿಕೊಂಡ ಲಪಿಟಾ ಮಡಕೆಯ ಜನ ಸುಮಾರು 2,800 ವರ್ಷಗಳ ಹಿಂದೆಯೇ ಟೊಂಗಾ, ಸಮೋವಾ ಮುಟ್ಟಿದ್ದರು. ಅಲ್ಲಿ ಗಾಳಿ ಬೀಸುವುದು ಪೂರ್ವದಿಂದ. ಅವರು ಹೋದದ್ದು ಪೂರ್ವಕ್ಕೆ, ಗಾಳಿಗೆದುರಾಗಿ. ತೇಲುವ ವಸ್ತು ಗಾಳಿಗೆದುರು ಹೋಗದು. ನಡುನಡುವೆ ಪಶ್ಚಿಮದ ಗಾಳಿ ಬೀಸುವ ದಿನಗಳನ್ನು ಕಾದು ಹೊರಡುತ್ತಿದ್ದರು; ನೆಲ ಸಿಗದಿದ್ದರೆ ಮಾಮೂಲಿ ಗಾಳಿಯೇ ಮನೆಗೆ ತಂದುಬಿಡುತ್ತಿತ್ತು. ದೋಣಿಯಲ್ಲಿ ಕೆಸು, ಬಾಳೆ, ಹಂದಿ, ಕೋಳಿ ಜೊತೆಗಿದ್ದವು, ದೀವಿಹಲಸೂ ಇತ್ತು. ಮಂಗಳೂರಿನಲ್ಲಿ ಪೋಡಿ ಮಾಡಿ ತಿನ್ನುವ ಜೀಗುಜ್ಜೆ ಅದೇ, ಅದರ ತವರು ಆ ಕಡೆಯದು. ಮಾರ್ಷಲ್ ದ್ವೀಪದವರು ಕಡ್ಡಿ ಕಟ್ಟಿ ಮಾಡುವ ಅಲೆಯ ನಕಾಶೆಯಲ್ಲಿ ಬಾಗಿದ ಕಡ್ಡಿ ಎಂದರೆ ದ್ವೀಪಕ್ಕೆ ತಾಗಿ ತಿರುಗುವ ಅಲೆ, ಕವಡೆ ಎಂದರೆ ದ್ವೀಪ. ಅದನ್ನು ಸಮುದ್ರಕ್ಕೆ ಒಯ್ಯುತ್ತಿರಲಿಲ್ಲ, ದಡದಲ್ಲೇ ಕಲಿತು ಹೋಗಬೇಕಿತ್ತು. 1976ರಲ್ಲಿ ಸತಾವಾಲ್ ದ್ವೀಪದ ಮಾವು ಪಿಯಾಲುಗ್ ಯಾವ ಉಪಕರಣವೂ ಇಲ್ಲದೆ ಹೋಕುಲೆಯಾ ಎಂಬ ಹಾಯಿದೋಣಿಯನ್ನು ಹವಾಯಿಯಿಂದ ತಾಹಿತಿಗೆ ಮುಟ್ಟಿಸಿದರು.

ಫಿಜಿಯ ಸುದ್ದಿ ನಮಗೆ ಹತ್ತಿರದ್ದು, ತಪ್ಪೂ ಹಾಗೆಯೇ. 1879ರಿಂದ 1916ರವರೆಗೆ ಕರಾರಿನ ಮೇಲೆ ಹೋದ ಭಾರತೀಯರು 60,000ಕ್ಕೂ ಹೆಚ್ಚು. 1903ರಿಂದ ಮದರಾಸಿನ ಬಂದರಿನಿಂದಲೂ ಹಡಗು ಹೊರಟವು. ‘ಅಗ್ರಿಮೆಂಟ್’ ಅವರ ಬಾಯಲ್ಲಿ ‘ಗಿರ್ಮಿಟ್’ ಆಯಿತು, ಹೋದವರು ಗಿರ್ಮಿಟಿಯರು. (ಹುಬ್ಬಳ್ಳಿ ಧಾರವಾಡದ ಚುರುಮುರಿ ಗಿರ್ಮಿಟ್ ಬೇರೆ, ಎರಡನ್ನೂ ತಳುಕು ಹಾಕಿ ಲೇಖನ ಬರೆಯುವ ಆಸೆಯನ್ನು ಹತ್ತಿಕ್ಕಿಕೊಳ್ಳಿ.) 1987ರ ಮತ್ತು 2000ದ ಕ್ಷಿಪ್ರಕ್ರಾಂತಿಗಳನ್ನು ಬರೀ ಜನಾಂಗದ್ವೇಷವೆಂದು ಬರೆದು ಮುಗಿಸುತ್ತೇವೆ. ನೆಲದ ಬಹುಪಾಲು ಮೂಲನಿವಾಸಿ ಕುಲಗಳ ಸಾಮೂಹಿಕ ಒಡೆತನದಲ್ಲಿದೆ, ಮಾರುವಂತಿಲ್ಲ. ಬಹುಪಾಲು ಭಾರತೀಯ ಮೂಲದವರಾದ ಕಬ್ಬಿನ ರೈತರದ್ದು ಮೂವತ್ತು ವರ್ಷಗಳ ಗೇಣಿ. ಆ ಗೇಣಿಗಳು 1997ರಿಂದ ಒಂದೊಂದಾಗಿ ಮುಗಿಯತೊಡಗಿದವು. ಗೇಣಿ ಎಂದರೇನೆಂದು ಕನ್ನಡದ ಓದುಗರಿಗೆ ಟಿಪ್ಪಣಿ ಬೇಕಿಲ್ಲ, ಆ ಪದ ಬಳಸಿದರೆ ಸಾಕು.

ಕೋರಿಕೆಗಳು ಹೆಚ್ಚಿಲ್ಲ. ಪಠ್ಯ ಪರಿಷ್ಕರಣೆಯಾಗುವಾಗ ದ್ವೀಪದ ಹೆಸರಿನ ಪಕ್ಕದಲ್ಲೇ ಜಾತಿ ನಮೂದಿಸಿ: ಬೆಟ್ಟದ್ದು, ಅಟಾಲ್, ಮೇಲೆದ್ದ ಹವಳದ್ದು. ನೆಲದ ಅಂಕಿಯ ಜೊತೆ ಸಮುದ್ರದ ಅಂಕಿ ಕೊಡಿ. ಅಟಾಲಿನ ಅಡ್ಡಕೊಯ್ತದ ಒಂದು ರೇಖಾಚಿತ್ರದಲ್ಲಿ ಸಿಹಿನೀರಿನ ಮಸೂರವನ್ನೂ ಬಿಡಿಸಿ. ಅದಿಲ್ಲದ ಚಿತ್ರ ಅರ್ಧವೇ. ‘ಮೆಲನೇಷ್ಯಾ’ ಎಂಬ ಪದ ಬಳಸುವಾಗ, ಅದು 1830ರ ದಶಕದ ಆರಂಭದಲ್ಲಿ ಫ್ರೆಂಚ್ ನಾವಿಕ ದ್ಯುಮೊಂ ದ್ಯುರ್ವಿಲ್ ಜನರ ಮೈಬಣ್ಣ ನೋಡಿ ಇಟ್ಟ ಹೆಸರು ಎಂಬ ಒಂದು ಸಾಲು ಇರಲಿ. ಭೂಗೋಳದ ವಿಭಾಗ ಎಂದು ಮಾತ್ರ ಕಲಿಸಬೇಡಿ. ಪ್ರಶ್ನೆಪತ್ರಿಕೆ ತಯಾರಿಸುವವರು ದಿನರೇಖೆಯ ಪ್ರಶ್ನೆಗಳನ್ನು 1995 ಮತ್ತು 2011ರ ಬದಲಾವಣೆಗಳಿಗೆ ಹೊಂದಿಸಿ, ಹಳೆಯ ಕೀ ಉತ್ತರಗಳನ್ನು ಹಿಂಪಡೆಯಿರಿ. ಸುದ್ದಿಮನೆಗಳು ಈ ಪ್ರದೇಶದ ಹದಿನಾಲ್ಕು ಸ್ವಾಡಳಿತದ ದ್ವೀಪರಾಷ್ಟ್ರಗಳ ಹೆಸರು, ರಾಜಧಾನಿ, ಉಚ್ಚಾರಣೆಯನ್ನು ಒಂದು ಹಾಳೆಯಲ್ಲಿ ಮಾಡಿಟ್ಟುಕೊಂಡರೆ ವರ್ಷಕ್ಕೆ ನಾಲ್ಕೈದು ಸಲ ಬರುವ ಸುದ್ದಿಗೆ ಧಾರಾಳವಾಯಿತು. ನೌರುವಿಗೆ ಅಧಿಕೃತ ರಾಜಧಾನಿ ಇಲ್ಲ, ಸರಕಾರದ ಕಚೇರಿಗಳು ಯಾರೆನ್ ಜಿಲ್ಲೆಯಲ್ಲಿವೆ. ಆ ಖಾನೆಯನ್ನು ಹಾಗೆಯೇ ತುಂಬಿ.

ವನುವಾಟು ಮುಂದೆ ನಿಂತು ವಿಶ್ವಸಂಸ್ಥೆಯಿಂದ ಕೇಳಿಸಿದ ಪ್ರಶ್ನೆಗೆ 2025ರ ಜುಲೈ 23ರಂದು ಅಂತರರಾಷ್ಟ್ರೀಯ ನ್ಯಾಯಾಲಯ ಅಭಿಪ್ರಾಯ ಕೊಟ್ಟಿದೆ: ಹವಾಮಾನವನ್ನು ಹಾನಿಯಿಂದ ಕಾಪಾಡುವುದು ರಾಷ್ಟ್ರಗಳ ಕಾನೂನುಬದ್ಧ ಹೊಣೆ. ಮುಂದಿನ ಆವೃತ್ತಿಯ ಪಠ್ಯದಲ್ಲಿ ಇದು ಎಲ್ಲಿ ಸೇರುತ್ತದೆ, ಯಾವ ಅಧ್ಯಾಯದಲ್ಲಿ, ಎಷ್ಟು ಸಾಲು ಎಂಬುದಕ್ಕೆ ತಮ್ಮಿಂದ ಸಾರ್ವಜನಿಕ ಉತ್ತರ ನಿರೀಕ್ಷಿಸುತ್ತೇನೆ.

ಇತಿ,
ತಮ್ಮ ಪುಟಗಳನ್ನು ನಕಾಶೆ ಬಿಚ್ಚಿಟ್ಟುಕೊಂಡು ಓದುವ ಒಬ್ಬ ಓದುಗ